ಮರದ ಮೇಲಿನ ಸಂಸಾರ

ಮಕ್ಕಳೇ, ನೀವೆಲ್ಲರೂ ಮಂಗಗಳನ್ನು ನೋಡಿದ್ದೀರಲ್ಲವೇ? ತೋಟದಲ್ಲಿ, ದೇವಸ್ಥಾನದ ಅಂಗಳದಲ್ಲಿ, ಘಾಟಿ ರಸ್ತೆಯ ಬದಿಯಲ್ಲಿ ಅವು ನಮಗೆ ಕಾಣಸಿಗುತ್ತವೆ. ಯಾರಾದರೂ ತುಂಟತನ ಮಾಡಿದರೆ "ಮಂಗನ ಹಾಗೆ ಆಡಬೇಡ" ಎಂದು ಗದರಿಸುತ್ತೇವೆ. ಬೆಲೆ ಅರಿಯದವನ ಕೈಗೆ ಒಳ್ಳೆಯ ವಸ್ತು ಸಿಕ್ಕಿದರೆ "ಮಂಗನ ಕೈಯಲ್ಲಿ ಮಾಣಿಕ್ಯ" ಎನ್ನುತ್ತೇವೆ. ಗಾದೆ ಮಾತು ಇರಲಿ. ಆದರೆ ಮಂಗ ನಿಜವಾಗಿಯೂ ಅಷ್ಟು ದಡ್ಡ ಪ್ರಾಣಿಯೇ? ಈ ಪ್ರಶ್ನೆಯನ್ನು ನನ್ನ ತರಗತಿಯ ಮಕ್ಕಳು ನನಗೆ ಎಷ್ಟೋ ಸಲ ಕೇಳಿದ್ದಾರೆ. ನಾನು ಕಂಡದ್ದನ್ನೂ ಓದಿ ತಿಳಿದದ್ದನ್ನೂ ಇಲ್ಲಿ ನಿಮಗೆ ಹೇಳುತ್ತೇನೆ.

ನಮ್ಮ ರಾಜ್ಯದ ವಯನಾಡು ಜಿಲ್ಲೆ ಬೆಟ್ಟ ಕಾಡುಗಳ ನಾಡು. ಅಲ್ಲಿನ ವನ್ಯಜೀವಿಧಾಮ 1973ರಲ್ಲಿ ಸ್ಥಾಪನೆಯಾಯಿತು. ಅದರ ವಿಸ್ತಾರ ಸುಮಾರು 344 ಚದರ ಕಿಲೋಮೀಟರ್. ಮುತ್ತಂಗ, ತೋಲ್ಪೆಟ್ಟಿ, ಕುರಿಚ್ಯಾಟ್, ಸುಲ್ತಾನ್ ಬತ್ತೇರಿ ಎಂಬವು ಅದರ ನಾಲ್ಕು ವಲಯಗಳು. ಕರ್ನಾಟಕದ ನಾಗರಹೊಳೆ ಮತ್ತು ಬಂಡೀಪುರ, ತಮಿಳುನಾಡಿನ ಮುದುಮಲೈ ಕಾಡುಗಳು ಇದಕ್ಕೆ ತಾಗಿಕೊಂಡೇ ಇವೆ. ರಾಜ್ಯಗಳ ಗಡಿ ನಮಗೆ ಮಾತ್ರ. ಆನೆಗೂ ಮಂಗಕ್ಕೂ ಅದೆಲ್ಲ ಒಂದೇ ಕಾಡು.

ಮಕ್ಕಳನ್ನು ಕರೆದುಕೊಂಡು ಪ್ರಕೃತಿ ಶಿಬಿರಕ್ಕಾಗಿ ನಾನು ಕೆಲವು ಸಲ ಮುತ್ತಂಗಕ್ಕೆ ಹೋಗಿದ್ದೇನೆ. ಮೊದಲು ಎಲ್ಲರೂ ಆನೆ ಕಾಣಬೇಕೆಂದು ಹಟ ಹಿಡಿಯುತ್ತಾರೆ. ಆನೆ ಕೇಳಿದಾಗ ಬರುವುದಿಲ್ಲ. ಮಂಗಗಳು ಮಾತ್ರ ಯಾವಾಗಲೂ ಇರುತ್ತವೆ. ಒಂದು ಕಡೆ ಸದ್ದಿಲ್ಲದೆ ಅರ್ಧ ಗಂಟೆ ಕುಳಿತರೆ ಸಾಕು, ಅವುಗಳ ಸಂಸಾರ ನಿಧಾನವಾಗಿ ನಮಗೆ ಅರ್ಥವಾಗತೊಡಗುತ್ತದೆ.

ಅಲ್ಲಿ ಹೆಚ್ಚಾಗಿ ಕಾಣುವುದು ತಲೆಯ ಮೇಲೆ ಟೊಪ್ಪಿ ಇಟ್ಟಂತೆ ಕೂದಲಿರುವ ಮಂಗ. ಇಂಗ್ಲಿಷಿನಲ್ಲಿ ಇದಕ್ಕೆ ಬಾನೆಟ್ ಮಕಾಕ್ ಎಂದು ಹೆಸರು. ಬಾನೆಟ್ ಎಂದರೆ ಟೊಪ್ಪಿಯೇ. ಜಗತ್ತಿನಲ್ಲಿ ಈ ಮಂಗ ಇರುವುದು ದಕ್ಷಿಣ ಭಾರತದಲ್ಲಿ ಮಾತ್ರ. ಇದರ ಕೆನ್ನೆಗಳ ಒಳಗೆ ಚೀಲಗಳಿವೆ. ಸಿಕ್ಕಿದ ಹಣ್ಣನ್ನು ಬೇಗ ಬೇಗ ಅದರಲ್ಲಿ ತುಂಬಿಕೊಂಡು, ಸುರಕ್ಷಿತವಾದ ಕೊಂಬೆಗೆ ಹೋಗಿ, ಆಮೇಲೆ ನಿಧಾನವಾಗಿ ತಿನ್ನುತ್ತದೆ. ಬುತ್ತಿ ಕಟ್ಟಿಕೊಂಡು ಹೋಗುವ ಜಾಣತನ ನೋಡಿ!

ಒಂದು ಮಂಗ ಇನ್ನೊಂದರ ಮೈಯ ಕೂದಲನ್ನು ಬಿಡಿಸಿ ಏನನ್ನೋ ಹೆಕ್ಕುವುದನ್ನು ನೀವು ಕಂಡಿರಬಹುದು. ಹೇನು ಹೆಕ್ಕುತ್ತಿದೆ ಎಂದು ನಾವು ನಗುತ್ತೇವೆ. ಅದು ಮೈ ಸ್ವಚ್ಛ ಮಾಡುವ ಕೆಲಸ ಹೌದು. ಜೊತೆಗೆ ಸ್ನೇಹದ ಕೆಲಸವೂ ಹೌದು. ಜಗಳವಾಡಿದವು ಮತ್ತೆ ರಾಜಿಯಾಗುವುದು ಹೀಗೆಯೇ. ತಾಯಿ ಮಗಳು, ಅಕ್ಕ ತಂಗಿ ಹತ್ತಿರ ಹತ್ತಿರ ಕುಳಿತು ಹೀಗೆ ಗಂಟೆಗಟ್ಟಲೆ ಕಳೆಯುತ್ತವೆ. ಹೆಣ್ಣು ಮಂಗಗಳು ಹುಟ್ಟಿದ ಗುಂಪಿನಲ್ಲೇ ಜೀವನವಿಡೀ ಇರುತ್ತವೆ. ಗಂಡುಗಳು ಬೆಳೆದ ಮೇಲೆ ಬೇರೆ ಗುಂಪು ಹುಡುಕಿಕೊಂಡು ಹೋಗುತ್ತವೆ.

ಶಿಬಿರದಲ್ಲಿ ನಮಗೆ ದಾರಿ ತೋರಿಸಲು ಒಬ್ಬ ಕಾಡು ಕಾವಲುಗಾರರು ಬಂದಿದ್ದರು. ಅವರು ಕಾಟ್ಟುನಾಯಕ ಸಮುದಾಯದವರು. ಅವರ ಹಿರಿಯರು ಕಾಡಿನಲ್ಲಿ ಜೇನು ತೆಗೆದು ಬದುಕಿದವರು. ಅವರು ಮನೆಯಲ್ಲಿ ಆಡುವ ಮಾತು ಕನ್ನಡಕ್ಕೆ ಬಹಳ ಹತ್ತಿರ. ಕೇಳಿದರೆ ನಿಮಗೂ ಅಷ್ಟಿಷ್ಟು ಅರ್ಥವಾದೀತು. ನಡೆಯುತ್ತಿದ್ದಂತೆ ದೂರದ ಮರದಿಂದ ಕರಿಮೋರೆಯ ಮುಸುವವೊಂದು ಗಂಟಲಿನಿಂದ ಕೆಮ್ಮಿದ ಹಾಗೆ ಕೂಗಿತು. ಕೂಡಲೇ ನಮ್ಮ ಬಳಿಯಿದ್ದ ಟೊಪ್ಪಿ ಮಂಗಗಳೆಲ್ಲ ನೆಲ ಬಿಟ್ಟು ಮರ ಹತ್ತಿದವು. ಕಾವಲುಗಾರರು ಕೈ ಎತ್ತಿ ನಮ್ಮನ್ನು ನಿಲ್ಲಿಸಿದರು.

"ಚಿರತೆ ಇರಬಹುದು ಮಾಷ್ಟ್ರೇ, ಮಕ್ಕಳು ಒಟ್ಟಿಗೆ ನಿಲ್ಲಲಿ" ಎಂದರು.

"ನಮಗೆ ಏನೂ ಕಾಣಲಿಲ್ಲವಲ್ಲ?" ಎಂದು ಒಬ್ಬ ಹುಡುಗಿ ಪಿಸುಗುಟ್ಟಿದಳು.

"ಮುಸುವಕ್ಕೆ ಕಂಡಿದೆ ಮಗಳೇ. ಅಷ್ಟು ಸಾಕು" ಎಂದರು ಅವರು.

ಸ್ವಲ್ಪ ಹೊತ್ತಿನ ನಂತರ ನಾವು ಬಂದ ದಾರಿಯಲ್ಲೇ ಹಿಂದಿರುಗಿದೆವು. ಚಿರತೆಯನ್ನು ನಾವಾರೂ ನೋಡಲಿಲ್ಲ.

ಇದು ಬರೀ ಕಾವಲುಗಾರರ ನಂಬಿಕೆಯಲ್ಲ. ವಿಜ್ಞಾನಿಗಳು ದಕ್ಷಿಣ ಭಾರತದ ಕಾಡುಗಳಲ್ಲಿ ಇದನ್ನು ಪರೀಕ್ಷಿಸಿ ನೋಡಿದ್ದಾರೆ. ಮುಸುವಗಳ ಮತ್ತು ಕಡವೆಯ ಎಚ್ಚರಿಕೆಯ ಕೂಗನ್ನು ಧ್ವನಿವರ್ಧಕದಲ್ಲಿ ಕೇಳಿಸಿದಾಗ ಟೊಪ್ಪಿ ಮಂಗಗಳು ಓಡಿ ಮರ ಹತ್ತಿದವು. ಅಂದರೆ ಅವು ತಮ್ಮ ಭಾಷೆ ಮಾತ್ರವಲ್ಲ, ನೆರೆಯವರ ಭಾಷೆಯನ್ನೂ ಕಲಿತಿವೆ! ಚುಕ್ಕೆಯಿರುವ ಚಿರತೆಯ ಬೊಂಬೆಯನ್ನು ತೋರಿಸಿದಾಗಲೂ ಅವು ಹಾಗೆಯೇ ಓಡಿದವು.

ಈಗ ನಮ್ಮ ಕಾಡಿನಿಂದ ದೂರದ ಆಫ್ರಿಕಕ್ಕೆ ಹೋಗೋಣ. ಅಲ್ಲಿ ಚಿಂಪಾಂಜಿಗಳಿವೆ. ಚಿಂಪಾಂಜಿ ಮಂಗವಲ್ಲ, ವಾನರ. ಅದಕ್ಕೆ ಬಾಲವಿಲ್ಲ. ಇಂದು ಜೀವಿಸುತ್ತಿರುವ ಪ್ರಾಣಿಗಳಲ್ಲಿ ಮನುಷ್ಯನಿಗೆ ಅತಿ ಹತ್ತಿರದ ನೆಂಟರು ಚಿಂಪಾಂಜಿ ಮತ್ತು ಬೊನೊಬೊ.

1960ರ ಜುಲೈ ತಿಂಗಳಲ್ಲಿ ಜೇನ್ ಗುಡಾಲ್ ಎಂಬ 26 ವರ್ಷದ ಇಂಗ್ಲಿಷ್ ಯುವತಿ ಇಂದಿನ ತಾಂಜಾನಿಯ ದೇಶದ ಗೊಂಬೆ ಎಂಬ ಕಾಡಿಗೆ ಬಂದರು. ಗೊಂಬೆ ಎಂದರೆ ನೀವು ಆಡುವ ಗೊಂಬೆಯಲ್ಲ, ಆ ಸ್ಥಳದ ಹೆಸರೇ ಹಾಗೆ. ಆಗ ಅವರ ಬಳಿ ಕಾಲೇಜಿನ ಪದವಿ ಇರಲಿಲ್ಲ. ಒಂದು ಪುಸ್ತಕ, ಒಂದು ದುರ್ಬೀನು ಮತ್ತು ಬಹಳ ತಾಳ್ಮೆ ಇದ್ದವು. ತಿಂಗಳುಗಟ್ಟಲೆ ಚಿಂಪಾಂಜಿಗಳು ಅವರನ್ನು ಕಂಡು ಓಡಿಹೋದವು. ಅವರು ಬಿಡಲಿಲ್ಲ. ದಿನವೂ ಗುಡ್ಡದ ಮೇಲೆ ಕುಳಿತು ನೋಡಿದರು.

ಆ ವರ್ಷವೇ ಒಂದು ದಿನ, ತಾವು ಡೇವಿಡ್ ಗ್ರೇಬಿಯರ್ಡ್ ಎಂದು ಹೆಸರಿಟ್ಟಿದ್ದ ಚಿಂಪಾಂಜಿಯ ಕೆಲಸವನ್ನು ಅವರು ಕಂಡರು. ಅದು ಗೆದ್ದಲು ಹುತ್ತದ ತೂತಿಗೆ ಹುಲ್ಲಿನ ಕಡ್ಡಿಯನ್ನು ತೂರಿಸಿ, ಕಡ್ಡಿಗೆ ಕಚ್ಚಿಕೊಂಡ ಗೆದ್ದಲುಗಳನ್ನು ಎಳೆದು ತಿನ್ನುತ್ತಿತ್ತು. ಚಿಂಪಾಂಜಿಗಳು ಸಣ್ಣ ರೆಂಬೆ ಮುರಿದು, ಎಲೆ ಸವರಿ ಕಡ್ಡಿ ತಯಾರಿಸುವುದನ್ನೂ ಅವರು ನೋಡಿದರು. ಉಪಕರಣ ಮಾಡಲು ಮನುಷ್ಯನಿಗೆ ಮಾತ್ರ ಬರುತ್ತದೆ ಎಂದು ಅಲ್ಲಿಯವರೆಗೆ ವಿದ್ವಾಂಸರು ನಂಬಿದ್ದರು. ಒಂದು ಕಡ್ಡಿ ಆ ನಂಬಿಕೆಯನ್ನು ಬದಲಾಯಿಸಿತು. ಜೇನ್ ಗುಡಾಲ್ 2025ರ ಅಕ್ಟೋಬರ್ 1ರಂದು ತಮ್ಮ 91ನೆಯ ವಯಸ್ಸಿನಲ್ಲಿ ತೀರಿಕೊಂಡರು. ಕೊನೆಯವರೆಗೂ ಅವರು ಊರೂರು ತಿರುಗಿ ಮಕ್ಕಳಿಗೆ ಪ್ರಾಣಿಗಳ ಬಗ್ಗೆ ಹೇಳುತ್ತಿದ್ದರು.

ಚಿಂಪಾಂಜಿಗಳ ಅಧ್ಯಯನಕ್ಕೂ ಕನ್ನಡ ನಾಡಿಗೂ ಒಂದು ನಂಟಿದೆ. 1961ರಲ್ಲಿ ಯುಕಿಮಾರು ಸುಗಿಯಾಮ ಎಂಬ ಜಪಾನಿನ ವಿಜ್ಞಾನಿ ಧಾರವಾಡಕ್ಕೆ ಬಂದರು. ಅಲ್ಲಿನ ಕಾಡಿನಲ್ಲಿ ಮುಸುವಗಳ ಗುಂಪುಗಳನ್ನು ಎರಡು ವರ್ಷಗಳಷ್ಟು ಕಾಲ ಗಮನಿಸಿದರು. ಮುಂದೆ 1976ರಲ್ಲಿ ಅವರು ಆಫ್ರಿಕದ ಗಿನಿ ದೇಶದ ಬೊಸ್ಸೌ ಎಂಬಲ್ಲಿ ಚಿಂಪಾಂಜಿಗಳ ಅಧ್ಯಯನ ಆರಂಭಿಸಿದರು. ಬೊಸ್ಸೌವಿನ ಚಿಂಪಾಂಜಿಗಳು ಗಟ್ಟಿ ಬೀಜವನ್ನು ಒಂದು ಕಲ್ಲಿನ ಮೇಲಿಟ್ಟು ಇನ್ನೊಂದು ಕಲ್ಲಿನಿಂದ ಕುಟ್ಟಿ ಒಡೆಯುತ್ತವೆ. ನಮ್ಮ ಅಜ್ಜಿ ಗೇರುಬೀಜ ಒಡೆಯುವ ಹಾಗೆ! ಮರಿಗಳು ತಾಯಿಯ ಪಕ್ಕ ಕುಳಿತು ಇದನ್ನು ನೋಡುತ್ತವೆ. ತಾವೂ ಕುಟ್ಟುತ್ತವೆ. ಬೀಜ ಜಾರಿ ಹೋಗುತ್ತದೆ. ಮತ್ತೆ ಕುಟ್ಟುತ್ತವೆ. ಸರಿಯಾಗಿ ಕಲಿಯಲು ಅವಕ್ಕೆ ವರ್ಷಗಳೇ ಬೇಕು. ಕಾಪಿ ಬರೆಯಲು ಬೇಸರಿಸುವ ಮಕ್ಕಳಿಗೆ ನಾನು ಈ ಮರಿಗಳ ಕತೆ ಹೇಳುತ್ತೇನೆ.

ಚಿಂಪಾಂಜಿಗಳ ಸಂಸಾರ ನಮ್ಮ ಟೊಪ್ಪಿ ಮಂಗಗಳದ್ದಕ್ಕಿಂತ ಬೇರೆ. ಅಲ್ಲಿ ಗಂಡುಗಳು ಹುಟ್ಟಿದ ಗುಂಪಿನಲ್ಲೇ ಉಳಿಯುತ್ತವೆ, ಬೆಳೆದ ಹೆಣ್ಣುಗಳು ಸಾಮಾನ್ಯವಾಗಿ ಬೇರೆ ಗುಂಪಿಗೆ ಹೋಗುತ್ತವೆ. ರಾತ್ರಿ ಮಲಗಲು ಕೊಂಬೆಗಳನ್ನು ಬಾಗಿಸಿ ಹೊಸ ಹಾಸಿಗೆ ಮಾಡಿಕೊಳ್ಳುತ್ತವೆ. ಜಗಳವಾಡುತ್ತವೆ, ಆಮೇಲೆ ತಬ್ಬಿಕೊಂಡು ರಾಜಿಯಾಗುತ್ತವೆ. ಗೊಂಬೆಯಲ್ಲಿ ಫ್ಲೋ ಎಂಬ ಮುದಿ ತಾಯಿ ಇದ್ದಳು. ಅವಳ ಮಗ ಫ್ಲಿಂಟ್‌ಗೆ ಎಂಟು ವರ್ಷ. 1972ರಲ್ಲಿ ಫ್ಲೋ ಸತ್ತಳು. ಫ್ಲಿಂಟ್ ಊಟ ಬಿಟ್ಟು, ಯಾರ ಜೊತೆಗೂ ಸೇರದೆ ಸೊರಗಿ, ಕೆಲವೇ ವಾರಗಳಲ್ಲಿ ತೀರಿಹೋದ. ಪ್ರಾಣಿಗಳಿಗೆ ದುಃಖವಿಲ್ಲ ಎಂದು ಯಾರಾದರೂ ಹೇಳಿದರೆ ನೀವು ಫ್ಲಿಂಟ್‌ನ ಕತೆ ಹೇಳಿ.

ಗೊಂಬೆಯಲ್ಲಿ ಇನ್ನೊಂದು ಸಂಗತಿ ನಡೆಯಿತು. ಚಿಂಪಾಂಜಿಗಳನ್ನು ಹತ್ತಿರದಿಂದ ನೋಡಲು ಸುಲಭವಾಗಲೆಂದು ಅಲ್ಲಿ ಬಾಳೆಹಣ್ಣು ಕೊಡಲು ಆರಂಭಿಸಿದರು. ಕಾಡಿನಲ್ಲಿ ಚದುರಿ ಮೇಯುತ್ತಿದ್ದ ಚಿಂಪಾಂಜಿಗಳು ಒಂದೇ ಕಡೆ ಬಂದು ಸೇರಿದವು. ಬಾಳೆಹಣ್ಣಿಗಾಗಿ ಅವುಗಳಲ್ಲಿ ಜಗಳ ಹೆಚ್ಚಿತು. ಕೊನೆಗೆ ಹಣ್ಣು ಕೊಡುವುದನ್ನು ಕಡಿಮೆ ಮಾಡುತ್ತ ಬಂದು, ಮುಂದೆ ಪೂರ್ತಿಯಾಗಿ ನಿಲ್ಲಿಸಿದರು.

ಈಗ ನಮ್ಮ ವಯನಾಡಿಗೆ ಹಿಂತಿರುಗೋಣ. ಕೋಝಿಕ್ಕೋಡಿನಿಂದ ಒಂಬತ್ತು ದೊಡ್ಡ ತಿರುವುಗಳ ತಾಮರಶ್ಶೇರಿ ಘಾಟಿ ಹತ್ತಿದರೆ ಲಕ್ಕಿಡಿ ಸಿಗುತ್ತದೆ. ಅದೇ ರಸ್ತೆ ಕಲ್ಪೆಟ್ಟ, ಬತ್ತೇರಿ, ಮುತ್ತಂಗ ದಾಟಿ ಬಂಡೀಪುರ ಕಾಡಿನ ಮೂಲಕ ಗುಂಡ್ಲುಪೇಟೆಗೆ ಹೋಗುತ್ತದೆ. ಘಾಟಿಯಲ್ಲಿ ವಾಹನ ನಿಲ್ಲಿಸಿ ಜನ ಮಂಗಗಳಿಗೆ ಬಿಸ್ಕತ್ತು, ಕಡಲೆ, ಚಿಪ್ಸ್ ಎಸೆಯುತ್ತಾರೆ. ಕರುಣೆಯಿಂದಲೇ ಎಸೆಯುತ್ತಾರೆ. ಆದರೆ ಆಗುವುದೇನು? ಕಾಡಿನಲ್ಲಿ ಹಣ್ಣು, ಚಿಗುರು, ಹುಳು ಹುಡುಕಬೇಕಾದ ಗುಂಪು ರಸ್ತೆಯ ಬದಿಯಲ್ಲೇ ಕುಳಿತುಬಿಡುತ್ತದೆ. ತಿಂಡಿಯ ಜೊತೆ ಪ್ಲಾಸ್ಟಿಕ್ ಹೊಟ್ಟೆ ಸೇರುತ್ತದೆ. ಮರಿಗಳು ಗಾಡಿಗಳ ಚಕ್ರದಡಿಗೆ ಬೀಳುತ್ತವೆ.

ಬಂಡೀಪುರದ ಟೊಪ್ಪಿ ಮಂಗಗಳನ್ನು ಬೆಂಗಳೂರಿನ ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯ ಅನಿಂದ್ಯ ಸಿನ್ಹ ಮತ್ತು ಅವರ ಸಂಗಡಿಗರು ಗಮನಿಸಿದರು. ಆ ಅಧ್ಯಯನ 2018ರಲ್ಲಿ ಪ್ರಕಟವಾಯಿತು. ಅಲ್ಲಿನ ಕೆಲವು ಮಂಗಗಳು ತಿಂಡಿ ಹಿಡಿದವರನ್ನು ನೋಡಿ ಮೆಲ್ಲನೆ 'ಕೂ' ಎಂದು ಕರೆಯುತ್ತವೆ, ಕೈ ಚಾಚುತ್ತವೆ, ನಮ್ಮ ಕಡೆಗೇ ನೋಡುತ್ತ ಕಾಯುತ್ತವೆ. ಅಂದರೆ ಮನುಷ್ಯರ ಜೊತೆ ಮಾತಾಡುವ ಬಗೆಯನ್ನೇ ಅವು ಕಂಡುಕೊಂಡಿವೆ. ಎಂಥ ಬುದ್ಧಿ! ಆ ಬುದ್ಧಿಯನ್ನು ನಾವು ಬೇಡುವ ಕೆಲಸಕ್ಕೆ ಹಚ್ಚಿದೆವಲ್ಲ ಎಂದು ನನಗೆ ಬೇಸರವಾಗುತ್ತದೆ.

ಬತ್ತೇರಿಯ ಬಳಿ ಬಾಳೆ ಬೆಳೆಯುವ ಒಬ್ಬ ಅಜ್ಜ ನನಗೆ ಹೇಳಿದ ಮಾತನ್ನೂ ನೀವು ಕೇಳಬೇಕು. "ಮಾಷೇ, ನೀವು ಮಂಗನ ಬುದ್ಧಿಯನ್ನು ಹೊಗಳುತ್ತೀರಿ. ನಾನು ಆರು ತಿಂಗಳು ನೀರು ಹಾಕಿ ಬೆಳೆಸಿದ ಬಾಳೆಯ ಕೂಂಬೆಯನ್ನು ಅವು ಒಂದು ಬೆಳಗ್ಗೆ ಮುರಿದು ಹಾಕಿದವು. ನನ್ನ ಸಾಲವನ್ನು ಯಾರು ತೀರಿಸುತ್ತಾರೆ?" ಎಂದು ಅವರು ಕೇಳಿದರು. ಅವರ ಸಂಕಟ ನಿಜ. ಮನುಷ್ಯರ ತಿಂಡಿಯ ರುಚಿ ಹತ್ತಿದ ಮಂಗ ಮನುಷ್ಯರಿಗೆ ಹೆದರುವುದಿಲ್ಲ. ಪ್ರವಾಸಿಗರು ಎಸೆದ ಬಿಸ್ಕತ್ತಿನ ಬೆಲೆಯನ್ನು ಕೆಲವೊಮ್ಮೆ ಆ ಅಜ್ಜನಂಥವರು ತೆರಬೇಕಾಗುತ್ತದೆ.

ಇನ್ನೊಂದು ಎಚ್ಚರಿಕೆಯ ಮಾತು. 1957ರಲ್ಲಿ ಕರ್ನಾಟಕದ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಮಂಗನ ಕಾಯಿಲೆ ಪತ್ತೆಯಾಯಿತು. 2015ರಲ್ಲಿ ವಯನಾಡಿನಲ್ಲಿಯೂ ಅದು ಜೋರಾಗಿ ಹರಡಿತು. ಕಾಡಿನಂಚಿನಲ್ಲಿ ಬದುಕುವ ಆದಿವಾಸಿ ಕುಟುಂಬಗಳು ಬಹಳ ಕಷ್ಟಪಟ್ಟವು. ಹೆಸರು ಮಂಗನದ್ದಾದರೂ ರೋಗವನ್ನು ದಾಟಿಸುವುದು ಉಣುಗು. ಈ ರೋಗದಿಂದ ಮಂಗಗಳೂ ಸಾಯುತ್ತವೆ. ಆದ್ದರಿಂದ ಸತ್ತ ಮಂಗ ಕಂಡರೆ ಹತ್ತಿರ ಹೋಗಬೇಡಿ, ಕೂಡಲೇ ಹಿರಿಯರಿಗೆ ತಿಳಿಸಿ. ಅವರು ಅರಣ್ಯ ಇಲಾಖೆಗೋ ಆರೋಗ್ಯ ಕೇಂದ್ರಕ್ಕೋ ಸುದ್ದಿ ಮುಟ್ಟಿಸಲಿ. ಮನುಷ್ಯರಿಂದ ಪ್ರಾಣಿಗಳಿಗೂ ರೋಗ ಹರಡುತ್ತದೆ. 1966ರಲ್ಲಿ ಗೊಂಬೆಯ ಚಿಂಪಾಂಜಿಗಳಿಗೆ ಪೋಲಿಯೊ ತಗಲಿ ಕೆಲವು ಸತ್ತವು, ಕೆಲವು ಕೈಕಾಲಿನ ಬಲ ಕಳೆದುಕೊಂಡವು.

ಹಾಗಾದರೆ ನಾವೇನು ಮಾಡಬಹುದು? ಅಜ್ಜನ ಪ್ರಶ್ನೆಗೆ ಪೂರ್ತಿ ಉತ್ತರ ನಮ್ಮ ಕೈಯಲ್ಲಿಲ್ಲ. ಅದನ್ನು ಸರಕಾರ, ವಿಜ್ಞಾನಿಗಳು, ಕೃಷಿಕರು ಸೇರಿ ಹುಡುಕಬೇಕು. ನಮ್ಮ ಕೈಯಲ್ಲಿರುವ ಕೆಲಸ ಚಿಕ್ಕದು. ಪ್ರವಾಸಕ್ಕೆ ಹೋದಾಗ ಮಂಗಗಳಿಗೆ ತಿಂಡಿ ಕೊಡದಿರೋಣ. ಕಸವನ್ನು ಎಸೆಯದೆ ಚೀಲದಲ್ಲಿ ಮನೆಗೆ ತರೋಣ. ಕಲ್ಲು ಹೊಡೆಯದಿರೋಣ. ದೊಡ್ಡವರು ಬಸ್ಸಿನ ಕಿಟಕಿಯಿಂದ ಬಿಸ್ಕತ್ತು ಎಸೆಯಲು ಹೊರಟರೆ ಯಾಕೆ ಬೇಡವೆಂದು ವಿನಯದಿಂದ ತಿಳಿಸಿ. ಈಗ ನಿಮಗೆ ಕಾರಣ ಗೊತ್ತಿದೆ.

ಒಂದು ನೋಟುಪುಸ್ತಕ ತೆಗೆದುಕೊಳ್ಳಿ. ಮಂಗಗಳ ಗುಂಪು ಕಂಡಾಗ ದೂರದಲ್ಲಿ, ಹಿರಿಯರ ಜೊತೆ, ಸದ್ದಿಲ್ಲದೆ ನಿಂತು ನೋಡಿ. ಗುಂಪಿನಲ್ಲಿ ಎಷ್ಟು ಮಂಗಗಳಿವೆ? ಮರಿಯನ್ನು ಯಾರು ಎತ್ತಿಕೊಂಡಿದ್ದಾರೆ? ಯಾರು ಯಾರ ಮೈ ಹೆಕ್ಕುತ್ತಿದ್ದಾರೆ? ಕೂಗಿದ್ದು ಯಾರು, ಆಗ ಉಳಿದವು ಏನು ಮಾಡಿದವು? ದಿನಾಂಕ ಹಾಕಿ ಬರೆದಿಡಿ. ಬರೆದದ್ದನ್ನು ತರಗತಿಯಲ್ಲಿ ಗೆಳೆಯರಿಗೆ ಓದಿ ಹೇಳಿ.