ಕಾಯ್ದಿಟ್ಟ ಮಾವಿನ ಮರ

ಅಮೆರಿಕದ ಕಾಸ್ಟ್‌ಕೋದಲ್ಲಿ ಶವಪೆಟ್ಟಿಗೆಯೂ ಸಿಗುತ್ತದೆ. ಹೊರಗೆ ಕೊಂಡ ಪೆಟ್ಟಿಗೆಯನ್ನು ಅಂತ್ಯಕ್ರಿಯೆ ನಡೆಸುವ ಕಂಪೆನಿಯವರು ಬೇಡ ಎನ್ನುವಂತಿಲ್ಲ, ಅಲ್ಲಿ ನಿಯಮವೇ ಉಂಟು. ಹೆಣ ಎದುರಿಗಿಟ್ಟುಕೊಂಡು ಯಾರೂ ಚೌಕಾಸಿ ಮಾಡುವುದಿಲ್ಲವಲ್ಲ, ಅದಕ್ಕೇ ಬದುಕಿರುವಾಗಲೇ ಬೆಲೆ ನೋಡಿ ಕೊಂಡಿಡುವವರೂ ಇದ್ದಾರೆ. ಬೆಂಗಳೂರಿನ ಆಫೀಸಿನಲ್ಲಿ ಇದನ್ನು ಹೇಳಿದರೆ ಗೆಳೆಯರು "ಬಿಡ್ತು ಅನ್ನು" ಎಂದರು. ಸಂಪಾಜೆಯಲ್ಲಿರುವ ದೊಡ್ಡಪ್ಪ ಮಾತ್ರ, "ಅಲ್ಲಿಯವರಿಗೆ ಮಾವಿನ ಮರ ಇಲ್ವಾ?" ಅಂತ ಕೇಳಿದರು.

ನಮ್ಮ ಕಡೆ ಚಿತೆಗೆ ಮಾವೇ ಆಗಬೇಕು. ತೋಟದ ಮನೆಗಳಲ್ಲಿ ಹಿರಿಯರು "ಆ ಕಾಟುಮಾವು ನನಗಿರಲಿ" ಎಂದು ಮೊದಲೇ ಹೇಳಿಡುತ್ತಾರೆ. ಮರದ ವ್ಯಾಪಾರಿ ಎಷ್ಟು ಕೊಡುತ್ತೇನೆಂದರೂ ಅದನ್ನು ಮಾರುವುದಿಲ್ಲ. ಕಂತು ಇಲ್ಲ, ಬಡ್ಡಿ ಇಲ್ಲ, ವರ್ಷವರ್ಷ ಉಪ್ಪಿನಕಾಯಿಗೆ ಮಿಡಿ ಬೇರೆ. ಇಂಥ ಪಾಲಿಸಿ ಯಾವ ಆ್ಯಪ್‌ನಲ್ಲಿ ಸಿಗುತ್ತದೆ?

ಆದರೆ ಆಟಿಯ ಮಳೆಯಲ್ಲಿ ಹಸಿ ಕಟ್ಟಿಗೆ ಸುಲಭಕ್ಕೆ ಉರಿಯುವುದಿಲ್ಲ. ಒಂದು ಚಿತೆಗೆ ನಾಲ್ಕೈದು ಕ್ವಿಂಟಾಲ್ ಬೇಕು, ಕಡಿದು ಹೊರುವ ಹುಡುಗರು ಊರಲ್ಲಿಲ್ಲ. ಹಾಗಾಗಿ ಜಿಲ್ಲೆಯಲ್ಲಿ ಈಗ ಸಿಲಿಕಾನ್ ಚೇಂಬರ್‌ಗಳು ಬಂದಿವೆ. ಕಟ್ಟಿಗೆ ಕಡಿಮೆ ಸಾಕು, ತೆಂಗಿನ ಗೆರಟೆಯೂ ಆಗುತ್ತದೆ.

ಅಸಲಿಗೆ ದುಡ್ಡು ಹೋಗುವುದು ಸುಡುವುದಕ್ಕಲ್ಲ, ಬೊಜ್ಜದ ಊಟಕ್ಕೆ. ಶಾಮಿಯಾನ, ಅಡುಗೆಯವರು, ಎರಡು ಬಗೆ ಪಾಯಸ. ಸಾಲ ಮಾಡಿ ಬೊಜ್ಜ ಮಾಡಿದ ಮನೆಗಳನ್ನು ನೋಡಿದ್ದೇನೆ. ಹಾಗೆ ಮಾಡಿ ಎಂದು ಯಾರೂ ಹೇಳಿರುವುದಿಲ್ಲ. ಕಡಿಮೆ ಮಾಡಿ ಎಂದು ಹೇಳಬಹುದಾಗಿದ್ದವರು ಒಬ್ಬರೇ, ಅವರು ಸತ್ತಿರುತ್ತಾರೆ.

ದೊಡ್ಡಪ್ಪನಿಗೆ ಇದು ಗೊತ್ತು. ಕಳೆದ ಸಲ ಹೋದಾಗ ಒಂದು ಹಾಳೆ ಕೊಟ್ಟು, "ಟೈಪ್ ಮಾಡು ಮಾರಾಯಾ" ಎಂದರು. ಮಳೆಗಾಲವಾದರೆ ಮರ ಕಡಿಯುವುದು ಬೇಡ, ಚೇಂಬರೇ ಸಾಕು. ಮಕ್ಕಳಿಗಾಗಿ ಒಂದು ದಿನ ಕಾಯಿರಿ. 2018ರ ಆಗಸ್ಟಿನಲ್ಲಿ ಜೋಡುಪಾಲದಲ್ಲಿ ಗುಡ್ಡ ಜರಿದ ಹಾಗೆ ರಸ್ತೆ ಮುಚ್ಚಿದರೆ ಕಾಯಬೇಡಿ. ಖರ್ಚಿನ ದುಡ್ಡು ದೊಡ್ಡಮ್ಮನ ಜೊತೆಗಿನ ಜಂಟಿ ಖಾತೆಯಲ್ಲಿದೆ, ಇಬ್ಬರಲ್ಲಿ ಉಳಿದವರು ತೆಗೆಯಬಹುದು. (ಒಬ್ಬರದೇ ಖಾತೆಯಾದರೆ ಸತ್ತವರ ದುಡ್ಡು ಅವರ ಬೊಜ್ಜದೊಳಗೆ ಕೈಗೆ ಬರುವುದು ಕಷ್ಟ.) ಮರಣ ನೋಂದಣಿಗೆ 21 ದಿನ, ಮರೆಯಬೇಡಿ.

ಕೊನೆಯ ಸಾಲು, ಊಟಕ್ಕೆ ಜನ: 100. ಅದನ್ನು ಹೊಡೆದು ಹಾಕಿ ದೊಡ್ಡಮ್ಮ 400 ಎಂದು ಬರೆದಿದ್ದರು. "ಅವರಿಗೇನು, ಹೋಗ್ತಾರೆ. ಮತ್ತೆ ಊರಲ್ಲಿ ತಲೆ ಎತ್ತಿ ನಡೆಯಬೇಕಾದ್ದು ನಾನಲ್ವಾ?"

ಉಳಿದದ್ದನ್ನೆಲ್ಲ ಟೈಪ್ ಮಾಡಿದ್ದೇನೆ. ಆ ಸಾಲು ಖಾಲಿ ಇದೆ.