ಇನ್ನೂರ ನಲವತ್ತು ಕಂತುಗಳು

ಗೃಹಸ್ಥನಿಗೆ ಮನೆ ಬೇಕು. ಮುನಿಗಳಿಗೆ ಅನಾಗಾರರೆಂಬ ಹೆಸರಿರುವಂತೆ ಶ್ರಾವಕನಿಗೆ ಸಾಗಾರನೆಂಬ ಹೆಸರಿದೆ, ಆಗಾರವೆಂದರೆ ಮನೆ. ಮನೆಯನ್ನು ಬಯಸುವುದು ಶ್ರಾವಕನ ಪಾಲಿಗೆ ದೋಷವೆಂದು ಯಾವ ಆಚಾರ್ಯರೂ ಹೇಳಿಲ್ಲ. ಆದರೆ ಆ ಮನೆಗೆ ತೆರುವ ಬೆಲೆಯನ್ನು ಕೊನೆಯ ಪೈಯವರೆಗೆ ಎಣಿಸಿ ನೋಡಿದ ಶ್ರಾವಕರು ಎಷ್ಟು ಮಂದಿ?

ಅರಭಾವಿಯಲ್ಲಿ, ಘಟಪ್ರಭಾ ಎಡದಂಡೆ ಕಾಲುವೆಯ ನೀರುಂಡು ಬೆಳೆಯುವ ಕಬ್ಬಿನ ಹೊಲಗಳ ಸಮೀಪದ ಓಣಿಯೊಂದರಲ್ಲಿ, ಹೀಗೆ ಎಣಿಸಿ ನೋಡಿದ ವೃದ್ಧರೊಬ್ಬರಿದ್ದಾರೆ. ಗೋಕಾಕದ ಪೇಟೆಯಲ್ಲಿ ಬಹುಕಾಲ ಬೆಲ್ಲ ಮತ್ತು ಕಾಳಿನ ಅಡತಿ ನಡೆಸಿ ಈಗ ಮೂರು ಎಕರೆ ಹೊಲವನ್ನೂ ಸ್ವಾಧ್ಯಾಯವನ್ನೂ ನೋಡಿಕೊಂಡಿರುವವರು. 2019ರ ಆಗಸ್ಟ್ ತಿಂಗಳಲ್ಲಿ ಘಟಪ್ರಭೆ ಉಕ್ಕಿ ಗೋಕಾಕವನ್ನು ನುಗ್ಗಿದಾಗ ಅವರ ಓಣಿಗೆ ನದಿಯ ನೀರು ಬರಲಿಲ್ಲವಾದರೂ, ಎಡೆಬಿಡದ ಮಳೆಗೆ ಮೇಲ್ಮುದ್ದಿಯ ಮನೆಯ ಹಿತ್ತಿಲ ಗೋಡೆ ಕುಸಿಯಿತು. ತಗಡು ಹಚ್ಚಿ ನಾಲ್ಕು ಮಳೆಗಾಲ ಕಳೆದರು. ಮಗ ಪ್ರೌಢಶಾಲೆಯ ಶಿಕ್ಷಕ, ವಯಸ್ಸು ಮೂವತ್ತಾರು. ಸೊಸೆ, ಇಬ್ಬರು ಮೊಮ್ಮಕ್ಕಳು. ಹಳೆಯ ಮನೆಯನ್ನು ಇಳಿಸಿ ಅದೇ ಜಾಗದಲ್ಲಿ ಎರಡಂತಸ್ತಿನ ಆರ್‌ಸಿಸಿ ಮನೆ ಕಟ್ಟುವುದೆಂದು ಮಗ ನಿಶ್ಚಯಿಸಿ, ಸಾಲ ಕೊಡುವ ಸಂಸ್ಥೆಯೊಂದರಿಂದ ಕಾಗದಪತ್ರಗಳನ್ನು ತಂದನು. ಅದು 2023ರ ಭಾದ್ರಪದ. ದಶಲಕ್ಷಣ ಪರ್ವ ನಡೆದಿತ್ತು.

ಸಾಲ 30 ಲಕ್ಷ ರೂಪಾಯಿ, ಬಡ್ಡಿ ಶೇಕಡಾ 9, ಅವಧಿ 20 ವರ್ಷ. ತಿಂಗಳ ಕಂತು 26,992 ರೂಪಾಯಿ.

"ಅಪ್ಪಾ, ತಿಂಗಳಿಗೆ ಇಪ್ಪತ್ತೇಳು ಸಾವಿರ ಅಷ್ಟ. ಪಗಾರದಾಗ ಹೋಗ್ತದ," ಎಂದ ಮಗ.

"ತಿಂಗಳದ್ದು ಹೇಳಿದಿ. ಒಟ್ಟ ಎಷ್ಟಾತು?" ಎಂದರು ತಂದೆ.

ಮಗ ಉತ್ತರಿಸಲಿಲ್ಲ. ತಿಳಿಯದ್ದರಿಂದಲ್ಲ, ಆ ಪ್ರಶ್ನೆಯನ್ನು ಅವನು ಕೇಳಿಕೊಂಡೇ ಇರಲಿಲ್ಲ. ಇಂದು ಸಾಲ ಕೊಳ್ಳುವ ನೂರರಲ್ಲಿ ತೊಂಬತ್ತು ಜನರ ಸ್ಥಿತಿ ಇದೇ ಇರಬೇಕು. ಮಾರುವವನು ಕಂತನ್ನು ಹೇಳುತ್ತಾನೆ, ಕೊಳ್ಳುವವನು ಕಂತನ್ನು ಕೇಳುತ್ತಾನೆ, ಮೊತ್ತದ ಮಾತು ಇಬ್ಬರ ನಡುವೆ ಬರುವುದೇ ಇಲ್ಲ.

ಆ ಸಂಜೆ ಬಸದಿಯಿಂದ ಮರಳಿದ ಮೇಲೆ ವೃದ್ಧರು ಅಡತಿಯ ಕಾಲದ ಕೆಂಪು ಬಟ್ಟೆಯ ಖಾತೆಪುಸ್ತಕದ ಖಾಲಿ ಹಾಳೆಗಳನ್ನು ತೆರೆದು, ಇನ್ನೂರ ನಲವತ್ತು ಸಾಲುಗಳನ್ನು ಎಳೆದರು. ಮೊದಲನೆಯ ತಿಂಗಳು: 30 ಲಕ್ಷಕ್ಕೆ ಶೇಕಡಾ 9ರಂತೆ ಒಂದು ತಿಂಗಳ ಬಡ್ಡಿ 22,500. ಕಂತು 26,992. ಅಸಲಿಗೆ ಸಂದದ್ದು 4,492. ಎರಡನೆಯ ತಿಂಗಳು ಬಡ್ಡಿ ಮೂವತ್ತಮೂರೋ ಮೂವತ್ತನಾಲ್ಕೋ ರೂಪಾಯಿ ಕಡಿಮೆ, ಅಸಲು ಅಷ್ಟೇ ಹೆಚ್ಚು. ಹೀಗೆಯೇ ಎರಡು ರಾತ್ರಿ ಕುಳಿತು ಬರೆದರು. ಯಂತ್ರದಲ್ಲಿ ಕ್ಷಣಮಾತ್ರದಲ್ಲಿ ಬರುವ ಲೆಕ್ಕವನ್ನು ಕೈಯಿಂದ ಬರೆಯುವ ಹಟವೇಕೆಂದು ಮಗ ನಕ್ಕನು. ಆದರೆ ಕೈಯಿಂದ ಬರೆಯುವವನಿಗೆ ಮಾತ್ರ ಒಂದು ಸಂಗತಿ ಅನುಭವಕ್ಕೆ ಬರುತ್ತದೆ: ಎಷ್ಟು ಪುಟ ಹೊರಳಿಸಿದರೂ ಅಸಲಿನ ಕಾಲಮು ಕದಲುವುದಿಲ್ಲ.

ಐದು ವರ್ಷ ತುಂಬಿದಾಗ ಕಟ್ಟಿದ ಹಣ 16,19,507 ರೂಪಾಯಿ. ಅದರಲ್ಲಿ ಅಸಲಿಗೆ ಸಂದದ್ದು ಸುಮಾರು 3,39,000. ಉಳಿದ ಸಾಲ ಇನ್ನೂ 26,61,000. ಅಸಲಿನ ಅರ್ಧ ತೀರುವುದು ಹದಿನಾಲ್ಕನೆಯ ವರ್ಷದ ಕೊನೆಗೆ. ಇಪ್ಪತ್ತು ವರ್ಷಕ್ಕೆ ತೆತ್ತ ಒಟ್ಟು ಹಣ 64,78,000. ಅದರಲ್ಲಿ ಬಡ್ಡಿ 34,78,000. ಮನೆ ಒಂದು, ತೆತ್ತ ಬೆಲೆ ಎರಡು ಮನೆಗಳದ್ದು. ಮೇಲೊಂದು ಕೊಟ್ಟಿಗೆಯೂ ಆದೀತು.

ಇದರಲ್ಲಿ ಮೋಸವಿಲ್ಲವೆಂಬುದನ್ನು ಮೊದಲೇ ಹೇಳಬೇಕು. ಉಳಿದ ಅಸಲಿನ ಮೇಲಷ್ಟೇ ಬಡ್ಡಿ ಹಾಕುವ ಈ ಕ್ರಮ ನ್ಯಾಯವಾದದ್ದೇ. ಮೊದಲ ವರ್ಷಗಳಲ್ಲಿ ಬಡ್ಡಿಯೇ ಕಂತನ್ನು ನುಂಗುವುದು ಅಸಲು ಆಗ ದೊಡ್ಡದಿರುವ ಕಾರಣದಿಂದ. ಮೋಸವಿರುವುದು ಬೇರೆಡೆ: ಉಳಿದ ಅಸಲನ್ನು ಗಣಿಸದೆ, ಆರಂಭದ ಸಾಲದ ಮೇಲೆಯೇ ಕಡೆಯ ದಿನದವರೆಗೂ ಬಡ್ಡಿ ಹಾಕುವ 'ಫ್ಲ್ಯಾಟ್' ದರದಲ್ಲಿ. 10 ಲಕ್ಷಕ್ಕೆ 10 ವರ್ಷ, ಶೇಕಡಾ 9 ಫ್ಲ್ಯಾಟ್ ಎಂದರೆ ಕೇಳಲು ಹಿತವಾಗಿದೆ. ಕಂತು ಕಟ್ಟುತ್ತ ಹೋದವನಿಗೆ ಅದರ ನಿಜವಾದ ದರ ಶೇಕಡಾ ಹದಿನಾಲ್ಕೂವರೆ. ಅಚೌರ್ಯಾಣುವ್ರತದ ಅತಿಚಾರಗಳಲ್ಲಿ ಹೀನಾಧಿಕ ಮಾನೋನ್ಮಾನವೆಂಬುದೊಂದಿದೆ; ಕೊಡುವಾಗ ಒಂದು ಸೇರು, ಕೊಳ್ಳುವಾಗ ಇನ್ನೊಂದು ಸೇರು. ದರ ಹೇಳುವಾಗ ಒಂದು ಅಳತೆ, ವಸೂಲಿಯಲ್ಲಿ ಇನ್ನೊಂದು ಅಳತೆ ಇಟ್ಟುಕೊಂಡವನು ಈ ಅತಿಚಾರದ ಹೊರಗೆ ನಿಲ್ಲಲಾರ. ನಮ್ಮ ಸಮಾಜದಲ್ಲಿ ಸಾಲ ಕೊಳ್ಳುವವರಂತೆ ಕೊಡುವವರೂ ಇದ್ದಾರೆ. ಸಹಕಾರಿ ಸಂಘಗಳ ಆಡಳಿತ ಮಂಡಳಿಗಳಲ್ಲಿ ಕುಳಿತವರೂ ಇದ್ದಾರೆ. ಈ ಮಾತು ಅವರಿಗೂ ಸಲ್ಲುತ್ತದೆ.

ವೃದ್ಧರು ಲೆಕ್ಕದ ಕೊನೆಗೆ ಬಂದಾಗ ಅವರ ಬಾಯಿಂದ ಬಂದ ಶಬ್ದ 'ದಾಮದುಪ್ಪಟ'. ಬೆಳಗಾವಿ ಜಿಲ್ಲೆ ಮುಂಬಯಿ ಪ್ರಾಂತದಲ್ಲಿದ್ದ ಕಾಲದಲ್ಲಿ ನ್ಯಾಯಾಲಯಗಳು ಮನ್ನಿಸುತ್ತಿದ್ದ ಹಿಂದೂ ಧರ್ಮಶಾಸ್ತ್ರದ ನಿಯಮವದು: ಒಂದು ಸಲಕ್ಕೆ ವಸೂಲಿ ಮಾಡುವ ಬಾಕಿ ಬಡ್ಡಿ ಅಸಲನ್ನು ಮೀರಕೂಡದು. ಅಸಲು ನೂರಾದರೆ ಬಾಕಿ ಬಡ್ಡಿಯೂ ನೂರಕ್ಕೆ ನಿಲ್ಲಬೇಕು. 30 ಲಕ್ಷದ ಸಾಲಕ್ಕೆ 34,78,000 ಬಡ್ಡಿ ಕಂಡು ಅವರಿಗೆ ಆ ನಿಯಮ ನೆನಪಾದದ್ದು ಸಹಜ. ಆದರೆ ಅದು ತಡೆಯುತ್ತಿದ್ದುದು ಕಟ್ಟದೆ ಉಳಿದ ಬಾಕಿಯ ಬಡ್ಡಿಯನ್ನು ಮಾತ್ರ; ತಿಂಗಳು ತಿಂಗಳು ತಪ್ಪದೆ ಕಟ್ಟಿದ ಬಡ್ಡಿ ಕಾಲಾಂತರದಲ್ಲಿ ಅಸಲನ್ನು ಮೀರಿದರೆ ಆ ನಿಯಮಕ್ಕೆ ಅಡ್ಡಿಯಿರಲಿಲ್ಲ. ಪ್ರಾಮಾಣಿಕವಾಗಿ ಕಟ್ಟುವವನಿಗೆ ಅಂದೂ ರಕ್ಷಣೆಯಿರಲಿಲ್ಲ, ಇಂದೂ ಇಲ್ಲ. ಅವನ ರಕ್ಷಣೆ ಅವನ ಲೆಕ್ಕದಲ್ಲಿಯೇ ಇದೆ.

ಮಗನ ಪಕ್ಷದಲ್ಲಿಯೂ ಸತ್ಯವಿತ್ತು. ಅನೇಕಾಂತವನ್ನು ಒಪ್ಪುವವರು ಅದನ್ನೂ ಕೇಳಬೇಕು. ಇಂದಿನ ರೂಪಾಯಿಯೂ ಇಪ್ಪತ್ತು ವರ್ಷಗಳ ನಂತರದ ರೂಪಾಯಿಯೂ ಒಂದೇ ಅಲ್ಲವೆಂದು ಅವನು ವಾದಿಸಿದನು. ವರ್ಷಕ್ಕೆ ಶೇಕಡಾ 5ರಂತೆ ಬೆಲೆಗಳು ಏರಿದರೆ, ಕೊನೆಯ ಕಂತಿನ 26,992 ರೂಪಾಯಿ ಇಂದಿನ ಹತ್ತು ಸಾವಿರಕ್ಕೆ ಸಮ. ಪಗಾರ ಏರುತ್ತದೆ, ಕಂತು ಏರುವುದಿಲ್ಲ. ಈ ವಾದ ಗಟ್ಟಿಯಾದದ್ದು. ಕಂತುಗಳನ್ನು ಸುಮ್ಮನೆ ಕೂಡಿಸಿ ಬೆಚ್ಚಿಬೀಳುವುದು ಅರ್ಧ ಲೆಕ್ಕವೇ ಸರಿ. ಆದರೆ ಕಂತು ಏರುವುದಿಲ್ಲವೆಂಬ ಮಾತಿನಲ್ಲಿ ಒಂದು ಬಿರುಕಿದೆ. ದರ ಸ್ಥಿರವಲ್ಲ.

ಭಾರತೀಯ ರಿಸರ್ವ್ ಬ್ಯಾಂಕಿನ ರೆಪೋ ದರ 2020ರ ಮೇ ತಿಂಗಳಲ್ಲಿ ಶೇಕಡಾ 4ಕ್ಕೆ ಇಳಿದಿತ್ತು. 2022ರ ಮೇಯಿಂದ ಏರತೊಡಗಿ 2023ರ ಫೆಬ್ರವರಿಗೆ ಶೇಕಡಾ ಆರೂವರೆ ಆಯಿತು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಗೃಹಸಾಲದ ಚರ ದರಗಳು ಇಂಥ ಹೊರಗಿನ ಮಾನದಂಡಕ್ಕೆ ಜೋಡಿಸಲ್ಪಟ್ಟಿರುವುದರಿಂದ ಏರಿಕೆ ನೇರವಾಗಿ ಸಾಲಗಾರನಿಗೆ ತಟ್ಟಿತು. ಉದಾಹರಣೆಗೆ ಶೇಕಡಾ 7ರ ದರದಲ್ಲಿ 20 ವರ್ಷಕ್ಕೆ 30 ಲಕ್ಷ ಪಡೆದವನ ಕಂತು 23,259. ಎರಡು ವರ್ಷ ಕಟ್ಟಿದ ಮೇಲೆ ಅವನ ಸಾಲ 28,52,000. ಅಲ್ಲಿಗೆ ದರ ಶೇಕಡಾ ಒಂಬತ್ತೂವರೆಗೆ ಏರಿತೆಂದುಕೊಳ್ಳೋಣ. ಬಡ್ಡಿಯೇ ತಿಂಗಳಿಗೆ 22,579. ಕಂತನ್ನು ಅಷ್ಟೇ ಇಟ್ಟರೆ ಅಸಲಿಗೆ ಸಲ್ಲುವುದು 680 ರೂಪಾಯಿ! ಉಳಿದಿದ್ದ 18 ವರ್ಷ ಸುಮಾರು 37 ವರ್ಷವಾಗುತ್ತದೆ. ಕಂತು ಬದಲಾಗದ್ದರಿಂದ ಸಾಲಗಾರನಿಗೆ ಏನೂ ಆಗಿಲ್ಲವೆಂದೇ ತೋರುತ್ತದೆ. ಅವಧಿ ಕತ್ತಲಲ್ಲಿ ಬೆಳೆಯುತ್ತದೆ. ಇಂಥವು ಕಂಡುಬಂದುದರಿಂದಲೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿ, ದರ ಬದಲಾದಾಗ ಕಂತಿನ ಮೇಲೆ ಅಥವಾ ಅವಧಿಯ ಮೇಲೆ ಆಗುವ ಪರಿಣಾಮವನ್ನು ಸಾಲಗಾರನಿಗೆ ತಿಳಿಸಬೇಕು, ಕಂತು ಏರಿಸುವ ಅಥವಾ ಅವಧಿ ಹೆಚ್ಚಿಸುವ ಆಯ್ಕೆಯನ್ನು ಅವನಿಗೇ ಕೊಡಬೇಕೆಂದು ವಿಧಿಸಿತು. 2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ, ಎಲ್ಲ ಖರ್ಚುಗಳೂ ಸೇರಿದ ವಾರ್ಷಿಕ ದರವನ್ನು ತೋರಿಸುವ ಮುಖ್ಯಾಂಶಗಳ ಪತ್ರವನ್ನು ಸರಳ ಭಾಷೆಯಲ್ಲಿ ಕೊಡುವುದು ಕಡ್ಡಾಯವಾಗಿದೆ. ಕೇಳಿ ಪಡೆದು ಓದುವವರಿಗೆ ಇದು ಉಪಕಾರಿ.

ಕಾಗದಪತ್ರಗಳಲ್ಲಿ ವೃದ್ಧರ ಕಣ್ಣಿಗೆ ಬಿದ್ದ ಇನ್ನೊಂದು ಅಂಶ ವಿಮೆಯದು. 60,000 ರೂಪಾಯಿಯ ಒಂದೇ ಕಂತಿನ ವಿಮೆಯನ್ನು ಸಾಲದ ಮೊತ್ತಕ್ಕೇ ಸೇರಿಸುವ ಸಲಹೆಯಿತ್ತು. ಸೇರಿಸಿದರೆ ಇಪ್ಪತ್ತು ವರ್ಷಗಳಲ್ಲಿ ಅದು 1,29,000 ದಾಟುತ್ತದೆ. ವಿಮೆ ಬೇಡವೆಂದು ಅವರು ಹೇಳಲಿಲ್ಲ. ದುಡಿಯುವವನೊಬ್ಬನಿರುವ ಮನೆಗೆ ಅದು ಬೇಕು. ಕೈಯಿಂದ ಕಟ್ಟು ಎಂದರು.

ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಪರಿಗ್ರಹ ಪರಿಮಾಣ ವ್ರತಕ್ಕೆ ಐದು ಅತಿಚಾರಗಳನ್ನು ಎಣಿಸಿದ್ದಾರೆ: ಅತಿವಾಹನ, ಅತಿಸಂಗ್ರಹ, ಅತಿವಿಸ್ಮಯ, ಅತಿಲೋಭ, ಅತಿಭಾರವಹನ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದ ಪಟ್ಟಿ ಬೇರೆ ಬಗೆಯದು. ಅಲ್ಲಿ ಕ್ಷೇತ್ರ-ವಾಸ್ತು, ಅಂದರೆ ಹೊಲ-ಮನೆಗಳ ಮಿತಿಯನ್ನು ಮೀರುವುದೇ ಮೊದಲನೆಯದು. ಆದರೆ ಸಾಲದ ವಿಷಯಕ್ಕೆ ಸಮಂತಭದ್ರರ ಪಟ್ಟಿಯೇ ಹೆಚ್ಚು ಹತ್ತಿರ. ಪರರ ಲಾಭವನ್ನು ಕಂಡು ಬೆರಗಾಗಿ ಮನಸ್ಸು ಕದಲುವುದು ಅತಿವಿಸ್ಮಯ. ಎದುರು ಮನೆಯವರು ಎರಡಂತಸ್ತು ಏರಿಸಿದ ವರ್ಷವೇ ಮಗನ ನಕ್ಷೆಯೂ ಎರಡಂತಸ್ತಾಗಿತ್ತು. ಇನ್ನು ಅತಿಭಾರವಹನಕ್ಕೆ ಅರಭಾವಿಯವರಿಗೆ ವ್ಯಾಖ್ಯಾನ ಬೇಕಿಲ್ಲ. ಕಬ್ಬು ಹೇರಿದ ಗಾಡಿ ಏರು ಹತ್ತುವಾಗ ಎತ್ತು ಮೊಣಕಾಲೂರಿದ್ದನ್ನು ಅವರು ಕಂಡಿದ್ದಾರೆ. ಪಶುವಿಗೆ ಹೇರುವ ಭಾರದ ವಿಷಯದಲ್ಲಿ ಹೇಳಿದ ಮಾತು, ತನ್ನ ಮೇಲೆ ತಾನೇ ಹೇರಿಕೊಳ್ಳುವ ಭಾರಕ್ಕೆ ಏಕೆ ಅನ್ವಯಿಸಬಾರದು?

ಪರ್ವದ ಒಂಬತ್ತನೆಯ ದಿನ, ಉತ್ತಮ ಆಕಿಂಚನ್ಯದ ದಿನ, ವೃದ್ಧರು ಖಾತೆಪುಸ್ತಕವನ್ನು ಪಡಸಾಲೆಯಲ್ಲಿ ತೆರೆದಿಟ್ಟರು. ಸಾಲವೇ ಬೇಡ, ಹತ್ತು ವರ್ಷ ಕೂಡಿಟ್ಟು ಕಟ್ಟೋಣವೆಂಬುದು ಅವರ ನಿರ್ಣಯ. ಮಗ ಸುಮ್ಮನಿದ್ದ. ಅದುವರೆಗೂ ಮಾತನಾಡದಿದ್ದ ಸೊಸೆ ಕೇಳಿದಳು: "ಮಾವಾರ, ನಿಮ್ಮ ಲೆಕ್ಕ ಖರೆ. ಆದರ ಹತ್ತು ವರ್ಷ ಆ ಗ್ವಾಡಿ ನಿಲ್ತದೇನ್ರಿ? ಮಕ್ಕಳು ಅದರ ಬುಡಕ ಮಲಗ್ತಾವು."

ವೃದ್ಧರ ಇನ್ನೂರ ನಲವತ್ತು ಸಾಲುಗಳಲ್ಲಿ ಈ ಸಾಲು ಇರಲಿಲ್ಲ. ಸಾಲದ ಬೆಲೆಯನ್ನು ಅವರು ಪೈ ಬಿಡದೆ ಬರೆದಿದ್ದರು. ಸಾಲ ಮಾಡದಿರುವುದಕ್ಕೂ ಬೆಲೆಯಿದೆ ಎಂಬುದನ್ನು ಬರೆದಿರಲಿಲ್ಲ. ಬಹಳ ಹೊತ್ತು ಗೋಡೆಯ ಕಡೆಗೆ ನೋಡಿದರು. ಹಿರಿಯರು ಸೊಸೆಯ ಮಾತಿಗೆ ತಲೆಬಾಗುವುದು ನಮ್ಮ ಮನೆಗಳಲ್ಲಿ ಅಪರೂಪ. ಅಂದು ಅವರು ಪೆನ್ನನ್ನು ಅವಳ ಕೈಗೆ ಕೊಟ್ಟು, "ನೀನ ಹೇಳವ್ವಾ, ಎಷ್ಟು ಕೋಲಿ ಬೇಕು?" ಎಂದರು.

ಮೇಲಿನ ಅಂತಸ್ತು ಬಿಟ್ಟುಹೋಯಿತು. ನಾಲ್ಕು ಕೋಣೆ, ಅಡುಗೆಮನೆ, ಒಂದು ಸಣ್ಣ ದೇವರ ಮನೆ ಉಳಿದವು. ಸಾಲ 20 ಲಕ್ಷಕ್ಕೆ ಇಳಿಯಿತು. ಆ ಮೇಲೆ ಅವಧಿಯ ಲೆಕ್ಕ. ಮೊದಲ 30 ಲಕ್ಷಕ್ಕೇ ಅವಧಿಯನ್ನು 20ರಿಂದ 15 ವರ್ಷಕ್ಕೆ ಇಳಿಸಿದ್ದರೆ ಕಂತು 3,436 ರೂಪಾಯಿಯಷ್ಟೇ ಏರಿ ಬಡ್ಡಿಯಲ್ಲಿ 10 ಲಕ್ಷ ಉಳಿಯುತ್ತಿತ್ತು. 30 ವರ್ಷಕ್ಕೆ ಏರಿಸಿದ್ದರೆ ಕಂತು 2,853 ರೂಪಾಯಿ ಇಳಿದು ಬಡ್ಡಿ 22 ಲಕ್ಷ ಏರುತ್ತಿತ್ತು, ನಿವೃತ್ತಿಯ ನಂತರವೂ ಆರು ವರ್ಷ ಸಾಲ ಉಳಿಯುತ್ತಿತ್ತು. ಇದನ್ನು ಕಂಡ ಮೇಲೆ ಮಗನೇ 12 ವರ್ಷವೆಂದನು. 20 ಲಕ್ಷಕ್ಕೆ ಅದೇ ದರದಲ್ಲಿ ಕಂತು 22,761. ಒಟ್ಟು ಬಡ್ಡಿ 12,78,000. ಮೊದಲಿನ ಕಾಗದಕ್ಕೆ ಹೋಲಿಸಿದರೆ ಬಡ್ಡಿ ಮೂರರಲ್ಲಿ ಒಂದು ಪಾಲಿಗಿಂತ ತುಸುವೇ ಹೆಚ್ಚು.

ಶಿಕ್ಷಕನ ಪಗಾರ ತಿಂಗಳಿಗೊಮ್ಮೆ ಬರುತ್ತದೆ. ಕಬ್ಬಿನ ಬಿಲ್ಲು ವರ್ಷಕ್ಕೊಮ್ಮೆ, ಅದೂ ಕಾರ್ಖಾನೆಯ ಮನಸ್ಸು ಬಂದಾಗ. ಕಬ್ಬಿನ ಹಣವನ್ನು ನಂಬಿ ತಿಂಗಳ ಕಂತನ್ನು ಒಪ್ಪಿಕೊಳ್ಳುವುದು ಈ ಭಾಗದಲ್ಲಿ ಅನೇಕ ಮನೆಗಳನ್ನು ಕೆಡಿಸಿದೆ. ಆದ್ದರಿಂದ ಕಂತು ಪಗಾರಕ್ಕೆ, ಕಬ್ಬಿನ ಹಣ ಬಂದಾಗ ನೇರವಾಗಿ ಅಸಲಿಗೆ ಎಂದು ಗೊತ್ತುಮಾಡಿದರು. ಚರ ದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸುವವರಿಂದ ಬ್ಯಾಂಕುಗಳು ದಂಡ ವಸೂಲಿ ಮಾಡುವುದನ್ನು ರಿಸರ್ವ್ ಬ್ಯಾಂಕು 2012ರಲ್ಲಿಯೇ ನಿಲ್ಲಿಸಿದೆ. ಇಪ್ಪತ್ತು ವರ್ಷದ ಸಾಲಕ್ಕೂ, ಶೇಕಡಾ 9ರ ದರದಲ್ಲಿ ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟಿದರೆ, ಸುಮಾರು ಮೂರೂವರೆ ವರ್ಷ ಮೊದಲೇ ಋಣ ಹರಿಯುತ್ತದೆ.

ಗೃಹಪ್ರವೇಶಕ್ಕೆ ಊಟ ಮನೆಯವರಿಗೂ ಬಸದಿಯ ಉಪಾಧ್ಯಾಯರಿಗೂ ಮಾತ್ರ. ಬಂಧುಗಳಲ್ಲಿ ಕೆಲವರು ಮುನಿಸಿಕೊಂಡರು. ಒಬ್ಬರು ಇನ್ನೂ ಮಾತನಾಡಿಲ್ಲ. 2025ರಲ್ಲಿ ರೆಪೋ ದರ ಇಳಿಯತೊಡಗಿದಾಗ ಕಂತು ಇಳಿಸಿಕೊಳ್ಳುವಿರಾ ಎಂದು ಕೇಳಿದ್ದಕ್ಕೆ, ಕಂತು ಹಾಗೆಯೇ ಇರಲಿ, ಅವಧಿ ಇಳಿಯಲಿ ಎಂದು ಮಗ ಬರೆದುಕೊಟ್ಟನು. ಕೆಂಪು ಖಾತೆಪುಸ್ತಕ ಈಗ ಹೊಸ ಮನೆಯ ಗೂಡಿನಲ್ಲಿದೆ. ಪ್ರತಿ ತಿಂಗಳು ಕಂತು ಸಂದ ಮರುದಿನ ಸೊಸೆ ಅದರಲ್ಲಿ ಒಂದು ಸಾಲು ಬರೆಯುತ್ತಾಳೆ. ವೃದ್ಧರು ಕನ್ನಡಕ ಏರಿಸಿ ಕೂಡಿಸಿ ನೋಡಿ, ಬದಿಯಲ್ಲಿ ತಮ್ಮ ಗುರುತು ಹಾಕುತ್ತಾರೆ.