ಜೂನ್ ಒಂದರ ಮಕ್ಕಳು

ನಮ್ಮ ತೆಲಿಗಿ ಸೀಮೆಯ ಶಾಲೆಗಳ ಹಳೆಯ ದಾಖಲಾತಿ ರಿಜಿಸ್ಟರು ತೆರೆದರೆ ಸಾಲುಸಾಲು ಮಕ್ಕಳು ಜೂನ್ 1ರಂದೇ ಹುಟ್ಟಿರುತ್ತಾರೆ. ಶಾಲೆ ಶುರುವಾಗುವ ದಿನಕ್ಕೆ ವಯಸ್ಸು ಸರಿಹೊಂದಲೆಂದು ಹಿಂದಿನ ಮೇಷ್ಟ್ರುಗಳು ಕಂಡುಕೊಂಡಿದ್ದ ಸುಲಭದ ದಾರಿ ಅದು.

ತಾಯಂದಿರಿಗೆ ಮಕ್ಕಳು ಹುಟ್ಟಿದ ದಿನ ನೆನಪಿರಲಿಲ್ಲವೆಂದಲ್ಲ, ಅವರ ಪಂಚಾಂಗವೇ ಬೇರೆ. ಮೈಲಾರದ ಕಾರಣಿಕದ ಮರುದಿನ, ಕುರುವತ್ತಿ ಜಾತ್ರೆಗೆ ಮುಂಚೆ, ಆರಿದ್ರಾ ಮಳೆ ಹಿಡಿದಾಗ ಎನ್ನುತ್ತಾರೆ. ತಿಂಗಳು ಸಿಗುತ್ತದೆ, ಇಸವಿ ಮಾತ್ರ ಸಿಗುವುದಿಲ್ಲ. ಕೂಲಿಗೆ ಹೋಗುವವಳಿಗೆ ಮಗುವನ್ನು ಯಾರ ಕೈಗೆ ಬಿಡುವುದೆಂಬ ಚಿಂತೆ ಬೇರೆ. ಹಾಗಾಗಿ ಮನೆಯವರು ವಯಸ್ಸನ್ನು ಸ್ವಲ್ಪ ಏರಿಸಿಯೇ ಬರೆಸಿ ಶಾಲೆಗೆ ಬಿಟ್ಟುಹೋಗುತ್ತಾರೆ.

ನಾಲ್ಕನೇ ತರಗತಿಯ ಹುಡುಗಿಯೊಬ್ಬಳ ಹೆಸರಿನ ಮುಂದೆ 1-6-2016 ಎಂದಿತ್ತು. ಅವಳ ತಾಯಿ ಬಂದಾಗ ಸುಮ್ಮನೆ ಕೇಳಿದೆ. “ಇಲ್ರೀ ಟೀಚರಮ್ಮ, ಕೊಟ್ಟೂರು ತೇರು ಬಿತ್ತಲ್ರೀ, ಅದರ ಹಿಂದಿನ ದಿನ ನನ್ನ ತವರಾಗ ಹುಟ್ಟಿದ್ಲು” ಎಂದಳು. ಕೊಟ್ಟೂರೇಶ್ವರನ ತೇರು ಉರುಳಿದ್ದು 2017ರ ಫೆಬ್ರವರಿ 21ರಂದು. ಹೆಚ್ಚುಕಡಿಮೆ ಒಂಬತ್ತು ತಿಂಗಳ ಅಂತರ! ರಿಜಿಸ್ಟರಿನ ಲೆಕ್ಕದಲ್ಲಿ ಆಕೆ ಬಸಿರಾಗುವ ಹೊತ್ತಿಗೇ ಮಗು ಹುಟ್ಟಿಬಿಟ್ಟಿತ್ತು. ಇಬ್ಬರೂ ನಕ್ಕೆವು.

ಆದರೆ ಹೆಣ್ಣುಮಗಳಿಗೆ ಒಂಬತ್ತು ತಿಂಗಳು ನಗುವ ಮಾತಲ್ಲ. 2006ರ ಬಾಲ್ಯವಿವಾಹ ನಿಷೇಧ ಕಾಯ್ದೆಯಂತೆ ಅವಳಿಗೆ 18 ತುಂಬಿರಬೇಕು. ಮಗುವಿನ ವಯಸ್ಸಿನ ಬಗ್ಗೆ ತಕರಾರು ಬಂದರೆ 2015ರ ಬಾಲನ್ಯಾಯ ಕಾಯ್ದೆ ಮೊದಲು ನೋಡುವುದು ಶಾಲೆಯ ಇಲ್ಲವೇ ಎಸ್ಸೆಸ್ಸೆಲ್ಸಿಯ ಜನ್ಮದಿನಾಂಕವನ್ನೇ. ಅವಸರದ ಮನೆಯವರು ಹದಿನೇಳೂಕಾಲಕ್ಕೇ ಚಪ್ಪರ ಹಾಕಿ ಟಿ.ಸಿ. ಮುಂದಿಟ್ಟರೆ ಅವಳ ನಿಜವಾದ ವಯಸ್ಸನ್ನು ಹೇಳುವವರು ಯಾರು?

ಗಂಡಸರು ಇಸವಿಗಾಗಿ ಹೋರಾಡಿದ್ದನ್ನು ನಾವೆಲ್ಲ ಪತ್ರಿಕೆಯಲ್ಲಿ ಓದಿದ್ದೇವೆ. ಸೇನಾ ಮುಖ್ಯಸ್ಥರಾಗಿದ್ದ ಜನರಲ್ ವಿ.ಕೆ. ಸಿಂಗ್ ತಾವು ಹುಟ್ಟಿದ್ದು 1950ರಲ್ಲಲ್ಲ, 1951ರಲ್ಲಿ ಎಂದು 2012ರಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೋದರು. ಕೊನೆಗೆ ಅರ್ಜಿ ಹಿಂದಕ್ಕೆ ಪಡೆದರು. ನಮ್ಮ ರಾಜ್ಯದ ನೌಕರರಿಗೂ 1974ರ ಕಾಯ್ದೆಯೊಂದಿದೆ. ಸೇವಾ ಪುಸ್ತಕದಲ್ಲಿ ವಯಸ್ಸು ದಾಖಲಾದ ಮೂರು ವರ್ಷದೊಳಗೆ ತಿದ್ದುಪಡಿ ಕೇಳಬೇಕು. ತಡವಾಗಿ ಬಂದವರು ಇದನ್ನು ಹಕ್ಕೆಂದು ಕೇಳುವಂತಿಲ್ಲ ಎಂದು 2021ರಲ್ಲಿ ಸುಪ್ರೀಂ ಕೋರ್ಟು ಕರ್ನಾಟಕದ ಮೊಕದ್ದಮೆಯೊಂದರಲ್ಲೇ ಹೇಳಿತು. ಅವರದೆಲ್ಲ ನೌಕರಿಯ ಕೊನೆಯ ಒಂದು ವರ್ಷದ ಮಾತು. ಹುಡುಗಿಯ ವರ್ಷ ಕಳೆದುಹೋಗುವುದು ಬದುಕಿನ ಆರಂಭದಲ್ಲಿ. ಅದಕ್ಕಾಗಿ ಕೋರ್ಟಿನ ಮೆಟ್ಟಿಲು ಹತ್ತಿದವರನ್ನು ನಾನಂತೂ ಕಂಡಿಲ್ಲ.

ಈ ಮಗುವಿನ ಜನನ ಹುಟ್ಟಿದ ಊರಿನಲ್ಲಿ ನೋಂದಣಿಯಾಗಿತ್ತು, ಕಾಗದ ಅಜ್ಜಿಯ ಟ್ರಂಕಿನಲ್ಲಿತ್ತು. ನಮ್ಮ ಕಡೆ ಚೊಚ್ಚಲ ಹೆರಿಗೆ ತವರಿನಲ್ಲಿ. ಬಾಣಂತಿ ಮತ್ತು ತೊಟ್ಟಿಲು ಗಂಡನ ಊರಿಗೆ ಬರುತ್ತವೆ, ಆ ಕಾಗದ ಅಲ್ಲೇ ಉಳಿಯುತ್ತದೆ. “ಇರಲಿ ಬಿಡ್ರೀ, ಅದರಿಂದ ಏನಾಕ್ಕತಿ” ಎಂದ ಗಂಡನ ಮಾತು ಕೇಳದೆ ಆಕೆ ಎರಡು ದಿನದ ಕೂಲಿ ಬಿಟ್ಟು ಹೋಗಿ ತಂದಳು. ಅರ್ಜಿ ಇಲಾಖೆಗೆ ಹೋಗಿ, ಆದೇಶ ಬಂದ ಮೇಲೆ ರಿಜಿಸ್ಟರಿನಲ್ಲಿ ಕೆಂಪು ಶಾಯಿಯ ತಿದ್ದುಪಡಿ ಬಿತ್ತು.

2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ ಸೇರಲು ಜನನ ಪ್ರಮಾಣಪತ್ರವೇ ಆಧಾರ. ಅದಕ್ಕೂ ಮುಂಚೆ ಹುಟ್ಟಿದವರು ನಮ್ಮ ತರಗತಿಗಳಲ್ಲಿ ಇನ್ನೂ ಇದ್ದಾರೆ. ಎಸ್ಸೆಸ್ಸೆಲ್ಸಿ ಮುಗಿದ ಮೇಲೆ ತಿದ್ದಬೇಕೆಂದರೆ ಸಾಮಾನ್ಯವಾಗಿ ಸಿವಿಲ್ ಕೋರ್ಟಿಗೆ ಅಲೆಯಬೇಕು. ಅದಕ್ಕೆ ಮೊದಲೇ ಒಮ್ಮೆ ಶಾಲೆಗೆ ಹೋಗಿ ಮಗಳ ಹೆಸರಿನ ಮುಂದಿರುವ ತಾರೀಖನ್ನು ನೀವೇ ಓದಿ ನೋಡಿ. ತವರಿಗೆ ಹೋದಾಗ ಉಡಿ ತುಂಬಿಸಿಕೊಂಡು ಬರುತ್ತೀರಲ್ಲ, ಟ್ರಂಕಿನೊಳಗಿನ ಆ ಕಾಗದವನ್ನೂ ಕೇಳಿ ತನ್ನಿ.